ಮೀಸೆದೊರೆ ಮನೆ ಬದಲಿಸಿದ್ದು

ಆ ಸೋಮವಾರ ಬೆಳಿಗ್ಗೆ ಮಳೆ ಬರುವಂತೆಯೂ ಇತ್ತು, ಬಾರದಂತೆಯೂ ಇತ್ತು. ಗುಡ್ಡದ ತಲೆಯ ಮೇಲೆ ಮೋಡವೊಂದು ಕೂತು ಯೋಚನೆ ಮಾಡುತ್ತಿತ್ತು. ಗಾಳಿಯ ಸುಳಿವಿಲ್ಲ. ದೂರದಲ್ಲಿ ಹವಳದ ದಿಬ್ಬಕ್ಕೆ ಅಲೆ ಬಡಿಯುವ ಸದ್ದು ನಿದ್ದೆಯಲ್ಲಿರುವವರ ಉಸಿರಿನಂತೆ ಬಂದು ಹೋಗುತ್ತಿತ್ತು. ದೇವರು ಇಂಥ ಬೆಳಗನ್ನು ಕೊಟ್ಟಾಗ ದ್ವೀಪದಂಚಿನ ಸಾಲೆವಾಯಿ ಊರಿನವರು ಅವನಿಗೆ ವಂದಿಸಿ ಇನ್ನೊಂದು ಮಗ್ಗುಲಿಗೆ ಹೊರಳಿ ಮಲಗುತ್ತಾರೆ. ಪೆನಿಯಾಮಿನಾ ಮಾತ್ರ ತನ್ನ ದೊಡ್ಡಮ್ಮ ಫುವಾತಿನೋಳ ಮನೆಯಂಗಳದಲ್ಲಿ ಕಾಲು ಮಡಚಿ, ತಲೆ ತಗ್ಗಿಸಿ, ತಲೆಯ ಮೇಲೊಂದು ಚಾಪೆ ಹೊದ್ದು ಕೂತಿದ್ದ.

ಅದು ಮಲಗುವ ಚಾಪೆಯಲ್ಲ. ಮದುವೆಗೆ, ಮಣ್ಣಿಗೆ, ಯಜಮಾನಿಕೆಯ ಪಟ್ಟ ಕಟ್ಟುವುದಕ್ಕೆ ಹೊರತೆಗೆಯುವ ಚಾಪೆ. ರೇಷ್ಮೆ ಸೀರೆಯಷ್ಟು ನಯ. ಅಂಚಿಗೆ ಕೆಂಪು ಗರಿಯ ಸಾಲು. ತಪ್ಪು ಮಾಡಿದವನು ನಸುಕಿನಲ್ಲೆದ್ದು ಹೋಗಿ, ನೊಂದವರ ಮನೆಯ ಮುಂದೆ ಅಂಥ ಚಾಪೆ ಹೊದ್ದು ಕೂತರೆ ಅದಕ್ಕೆ ಇಫೋಂಗಾ ಎಂದು ಹೆಸರು. ಒಳಗಿನವರು ಬಂದು ಚಾಪೆ ಎತ್ತಿದರೆ ಕ್ಷಮಿಸಿದರು ಎಂದು ಅರ್ಥ. ಎತ್ತದಿದ್ದರೆ ಬಿಸಿಲಾಗಲಿ ಮಳೆಯಾಗಲಿ ಕೂತೇ ಇರಬೇಕು. ಕೊಲೆ ಮಾಡಿದವನ ಕಡೆಯವರು ಹೀಗೆ ಕೂತದ್ದನ್ನು ಊರಿನ ಹಿರಿಯರು ಕಂಡಿದ್ದರು. ಒಂದು ಮೀನಿಗಾಗಿ, ಅದೂ ಜನ್ಮದಲ್ಲಿ ನೀರನ್ನೇ ಮುಟ್ಟಿರದ ಮೀನಿಗಾಗಿ ಯಾರಾದರೂ ಕೂತದ್ದನ್ನು ಮಾತ್ರ ಯಾರೂ ಕಂಡಿರಲಿಲ್ಲ.

“ಮೊಣಕೈ ಸ್ವಲ್ಪ ಆಚೆ ಇಟ್ಕೊಳ್ರೀ,” ಎಂದಿತು ಚಾಪೆಯೊಳಗಿಂದ ಇನ್ನೊಂದು ದನಿ. ಅದು ಪೆನಿಯ ಹೆಂಡತಿ ಲೋಸಾ. ಒಬ್ಬನ ತಪ್ಪಿಗೆ ಮನೆಯವರೂ ಜೊತೆಗೆ ಕೂರುವುದು ಪದ್ಧತಿ.

“ಎಲ್ಲಿ ಇಟ್ಕೊಳ್ಲಿ? ಜಾಗ ಎಲ್ಲಿದೆ?”

“ಮಾತಾಡ್ಬೇಡಿ. ಇಫೋಂಗಾದಲ್ಲಿ ಮಾತಾಡ್ಬಾರ್ದು.”

“ಶುರು ಮಾಡಿದ್ದು ಯಾರು?”

ಚಾಪೆ ಸ್ವಲ್ಪ ಅಲುಗಿ, ಕೆಮ್ಮಿ, ಸುಮ್ಮನಾಯಿತು.

ಮನೆಯೊಳಗೆ ಫುವಾತಿನೋಳ ಮೊಮ್ಮಗಳು ಎದ್ದಿದ್ದಳು. “ಅಜ್ಜೀ, ಹೊರಗೆ ಒಂದು ಚಾಪೆ ಕೂತಿದೆ.”

“ಚಾಪೆ ಕೂರಲ್ಲ ಕಣೇ. ಹಾಸಿರುತ್ತೆ.”

“ಇದು ಕೂತಿದೆ. ಕೆಮ್ತಾನೂ ಇದೆ.”

ಇಷ್ಟಕ್ಕೆಲ್ಲ ಕಾರಣ ಮೀಸೆದೊರೆ.

ಪಾದ್ರಿ ಎಲಿಸಾಲಾ ಅವರ ಮನೆಯಲ್ಲಿ ಒಂದು ಹಳೆಯ ಆಟದ ಪೆಟ್ಟಿಗೆ ಇತ್ತು. ಆಕ್ಲೆಂಡಿನಲ್ಲಿರುವ ನೆಂಟರೊಬ್ಬರು ತಮ್ಮ ಮಕ್ಕಳು ಹೊಸದು ಕೊಂಡಾಗ ಹಳೆಯದನ್ನು ಹಡಗಿನ ಡ್ರಮ್ಮಿನಲ್ಲಿ ಸಕ್ಕರೆ, ಕಂಬಳಿ, ಡಬ್ಬಿ ಮಾಂಸದ ಜೊತೆ ತುರುಕಿ ಕಳಿಸಿದ್ದರು. ಅದನ್ನು ಟಿವಿಗೆ ಸಿಕ್ಕಿಸಿ, ಕೈಯಲ್ಲಿ ಬಿಳಿಯ ಕೋಲು ಹಿಡಿದು ಬೀಸಿದರೆ ಪರದೆಯ ಮೇಲಿನ ಕೆರೆಗೆ ಗಾಳ ಬೀಳುತ್ತಿತ್ತು. ಭಾನುವಾರ ಆರಾಧನೆ ಮುಗಿದು, ಊಟವೂ ಆಗಿ, ಊರಿಗೆ ಊರೇ ಗೊರಕೆ ಹೊಡೆಯುವಾಗ ಫುವಾತಿನೋ ಪಾದ್ರಿಯ ಮನೆಗೆ ಹೋಗಿ ಆ ಕೋಲು ಹಿಡಿಯುತ್ತಿದ್ದಳು.

ಅವಳು ಮೀನುಗಾರರ ಮನೆಯ ಹೆಣ್ಣು. ಅಣ್ಣಂದಿರೆಲ್ಲ ದಿಬ್ಬ ದಾಟಿ ದೊಡ್ಡ ಮೀನು ತರುವವರು. ಅವಳಿಗೆ ಮಾತ್ರ ದಡದಲ್ಲಿ ಕಪ್ಪೆಚಿಪ್ಪು ಆಯುವ ಕೆಲಸ. ಹೆಣ್ಣು ಕಾಲಿಟ್ಟರೆ ಮೀನು ಮುನಿಯುತ್ತದೆ ಎಂದು ಒಂದು ದಿನವೂ ಅವಳನ್ನು ದೋಣಿ ಹತ್ತಿಸಿದವರಿಲ್ಲ. ಅಣ್ಣಂದಿರು ಒಬ್ಬೊಬ್ಬರಾಗಿ ತೀರಿಕೊಂಡರು. ತಲೆ ಬೆಳ್ಳಗಾದ ಮೇಲೆ ಒಂದು ಭಾನುವಾರ ಮಧ್ಯಾಹ್ನ, ಪಾದ್ರಿಯ ಪಡಸಾಲೆಯಲ್ಲಿ, ಅವಳ ಕೋಲು ನಡುಗಿತು. ಎಳೆದಳು. ಅದೂ ಎಳೆಯಿತು. ಪಾದ್ರಿಯವರು ನಿದ್ದೆಯಿಂದೆದ್ದು “ಬಿಡ್ಬೇಡಿ ಅಮ್ಮ, ಬಿಡ್ಬೇಡಿ!” ಎಂದು ಕೂಗಿದರು. ಕೊನೆಗೆ ಪರದೆಯ ತುಂಬ ಒಂದು ಮೀನು ಎದ್ದು ನಿಂತಿತು. ಅವರ ಸಮುದ್ರದಲ್ಲಿ ಯಾರೂ ಕಂಡಿರದ, ಯಾವುದೋ ಚಳಿದೇಶದ ಕೆರೆಯ ಮೀನು. ಬಾಯಿಯ ಎರಡು ಕಡೆ ಉದ್ದನೆಯ ಮೀಸೆ. ಊರು ಅದಕ್ಕೆ ಮೀಸೆದೊರೆ ಎಂದು ಹೆಸರಿಟ್ಟಿತು.

ಅಂದಿನಿಂದ ಆ ಪೆಟ್ಟಿಗೆಯ ಪಟ್ಟಿಯಲ್ಲಿ ಮೊದಲು ಅವಳ ಹೆಸರು, ಕೆಳಗೆ ಪಾದ್ರಿಯವರ ಹೆಸರು. ಪಾದ್ರಿಯವರ ಮೀನು ಒಂದು ಸಿಗಡಿಯ ತೂಕದಷ್ಟು ಕಡಿಮೆ. ವರ್ಷಗಟ್ಟಲೆ ಅವರು ಆ ಸಿಗಡಿಗಾಗಿ ಗಾಳ ಹಾಕಿದರು. ಸಿಗಲಿಲ್ಲ.

ಈಗ ಚರ್ಚಿನ ಸಭೆಯವರು ಪಾದ್ರಿಯವರನ್ನು ಆಚೆಯ ಉಪೋಲು ದ್ವೀಪದ ಒಂದು ಊರಿಗೆ ವರ್ಗ ಮಾಡಿದ್ದರು. ಅವರು ಹೋದರೆ ಪೆಟ್ಟಿಗೆಯೂ ಹೋಗುತ್ತದೆ, ಪೆಟ್ಟಿಗೆಯೊಳಗೆ ಮೀಸೆದೊರೆಯೂ ಹೋಗುತ್ತಾನೆ. ಫುವಾತಿನೋ ಆಪಿಯಾ ಪಟ್ಟಣದಲ್ಲಿರುವ ಅಳಿಯನಿಗೆ ಹೇಳಿ ಅಂಥದ್ದೇ ಇನ್ನೊಂದು ಹಳೆಯ ಪೆಟ್ಟಿಗೆ ತರಿಸಿದಳು. ಪೆಟ್ಟಿಗೆ ಬಂತು, ಕೋಲು ಬಂತು. ಒಳಗೆ ಆಟವೂ ಇಲ್ಲ, ಮೀನೂ ಇಲ್ಲ. ಅವನ್ನು ಅಲ್ಲಿಂದ ಇಲ್ಲಿಗೆ ತರಬೇಕಿತ್ತು.

“ಪೆನಿನ ಕರೀರಿ,” ಎಂದಳು.

ಪೆನಿ ಎರಡು ಸಲ ನ್ಯೂಜಿಲೆಂಡಿಗೆ ಸೇಬು ಕೀಳಲು ಹೋಗಿ ಬಂದವನು. ಅಲ್ಲಿ ಒಂದು ಸಲ ಮೇಸ್ತ್ರಿಯ ಟಿವಿ ಕೆಟ್ಟಾಗ ಕಿತ್ತುಹೋಗಿದ್ದ ಪ್ಲಗ್ಗನ್ನು ಗೋಡೆಗೆ ಚುಚ್ಚಿದ್ದ. ಟಿವಿ ಹತ್ತಿಕೊಂಡಿತ್ತು. ಈ ಸುದ್ದಿ ಅವನಿಗಿಂತ ಮೊದಲೇ ಊರು ತಲುಪಿ, ದಾರಿಯಲ್ಲಿ ದಪ್ಪವಾಗಿ, ಅವನು ಬಂದಿಳಿದಾಗ ಊರಿನ ಯಂತ್ರಗಳಿಗೆಲ್ಲ ಅವನೇ ವೈದ್ಯನಾಗಿಬಿಟ್ಟಿದ್ದ. ಅವನ ಇನ್ನೊಂದು ಕೆಲಸ ಶಂಖ ಊದುವುದು. ದಿನವೂ ಸೂರ್ಯನ ಅಂಚು ದಿಬ್ಬದ ಗೆರೆ ಮುಟ್ಟಿದಾಗ ಚರ್ಚಿನ ಮುಂದಿನ ಜೀಗುಜ್ಜೆ ಮರದ ಕೆಳಗೆ ನಿಂತು ಊದುತ್ತಿದ್ದ. ಆಗ ‘ಸಾ’ ಶುರು. ಆಟ ನಿಲ್ಲಬೇಕು, ಟಿವಿ ರೇಡಿಯೊ ಆರಬೇಕು, ದಾರಿಯಲ್ಲಿರುವವರು ಹತ್ತಿರದ ಮನೆ ಹೊಕ್ಕು ಪ್ರಾರ್ಥನೆಗೆ ಕೂರಬೇಕು. ಯಂತ್ರದ ಕೆಲಸದಲ್ಲಿ ಅವನಿಗೆ ಭಯವಿತ್ತು. ಶಂಖದ ಕೆಲಸದಲ್ಲಿ ಮಾತ್ರ ಅವನು ಎಂದೂ ತಪ್ಪಿದವನಲ್ಲ.

ಶನಿವಾರ ಮಧ್ಯಾಹ್ನ ಕುತ್ತಿಗೆಗೆ ಪೆನ್‌ಡ್ರೈವ್ ತೂಗಿಸಿಕೊಂಡು ಅವನು ಪಾದ್ರಿಯ ಮನೆಗೆ ಬಂದ. ಫುವಾತಿನೋ ಚರ್ಚಿಗೆ ಹಾಕುವ ಬಿಳಿ ಉಡುಪನ್ನೇ ಉಟ್ಟು ಬಂದಿದ್ದಳು. ಮಗಳನ್ನು ಗಂಡನ ಮನೆಗೆ ಕಳಿಸುವವಳ ಹಾಗಿದ್ದಳು. ಪೆನಿ ಪೆಟ್ಟಿಗೆಯ ಹಿಂದಿನ ಕಿಂಡಿಗೆ ಪೆನ್‌ಡ್ರೈವ್ ಚುಚ್ಚಿದ. ಹೋಗಲಿಲ್ಲ. ತಿರುಗಿಸಿ ಚುಚ್ಚಿದ. ಹೋಗಲಿಲ್ಲ. ಮತ್ತೆ ಮೊದಲಿನ ಹಾಗೇ ತಿರುಗಿಸಿದ. ಹೋಯಿತು.

“ನೋಡಿದ್ರಾ,” ಎಂದಳು ಫುವಾತಿನೋ ಹೆಮ್ಮೆಯಿಂದ. “ಎಷ್ಟು ಯೋಚ್ನೆ ಮಾಡಿ ಹಾಕ್ತಾನೆ!”

ಪರದೆಯ ಮೇಲೆ ಎರಡು ಮಾತು ಬಂದವು. ಕಾಪಿ. ಮೂವ್.

“ಕಾಪಿ ಅಂದ್ರೆ ಇಲ್ಲೂ ಇರುತ್ತೆ, ಅಲ್ಲೂ ಇರುತ್ತೆ ದೊಡ್ಡಮ್ಮ,” ಎಂದು ಪೆನಿ ವಿವರಿಸಿದ. “ಮೂವ್ ಅಂದ್ರೆ ಇಲ್ಲಿಂದ ಎದ್ದು ಅಲ್ಲಿಗೆ ಹೋಗುತ್ತೆ. ಕಾಪೀನೇ ಮಾಡೋಣ. ಒಂದು ಬ್ಯಾಕಪ್ ಇದ್ದ ಹಾಗೆ.”

“ಒಂದು ಮೀನು ಎರಡು ಮನೇಲಿ ಹೇಗೋ ಇರುತ್ತೆ?”

“ಇರುತ್ತೆ ದೊಡ್ಡಮ್ಮ. ಯಂತ್ರದಲ್ಲಿ ಇರುತ್ತೆ.”

“ಹಾಗಾದ್ರೆ ಅದು ಸುಳ್ಳು ಮೀನು. ನಾನು ಹಿಡಿದಿದ್ದು ಒಂದು. ಎರಡು ಹಿಡಿದೆ ಅಂತ ದೇವ್ರ ಮುಂದೆ ಹೇಳ್ಲಾ?”

ಪಾದ್ರಿಯವರು ಮೆಲ್ಲಗೆ ಗಂಟಲು ಸರಿಮಾಡಿಕೊಂಡರು. “ಫುವಾತಿನೋ ಅಮ್ಮ, ನಮ್ಮ ಕರ್ತನು ಎರಡೇ ಮೀನಿನಿಂದ ಐದು ಸಾವಿರ ಜನಕ್ಕೆ ಬಡಿಸಲಿಲ್ವಾ? ಅದೂ ಒಂಥರಾ ಕಾಪಿಯೇ.”

“ಅವನು ಕರ್ತ, ಅಯ್ಯನವರೇ. ಈ ಪೆಟ್ಟಿಗೆ ಕರ್ತನಾ?”

ಅವಳು ಪೆನಿಯ ಕಡೆ ತಿರುಗಿದಳು.

“ಮೂವ್ ಮಾಡೋ ಪೆನಿ,” ಎಂದಳು. “ನನ್ನ ದೊರೆ ನನ್ನ ಮನೇಗೆ ಬರ್ಲಿ. ಇಲ್ಲಿ ಅಯ್ಯನವರ ಮೀನೂ ಸ್ವಲ್ಪ ಮೇಲೆ ಬರ್ಲಿ, ಪಾಪ. ಎಷ್ಟು ವರ್ಷ ಅಂತ ಕೆಳಗಿರುತ್ತೆ.”

ಪಾದ್ರಿಯವರು ಕಿಟಕಿಯಾಚೆ ನೋಡಿದರು. ಕಿವಿ ಸ್ವಲ್ಪ ಕೆಂಪಾಗಿತ್ತು.

ಪೆನಿ ಒತ್ತಿದ. ಪರದೆಯಲ್ಲಿ ಖಾಲಿ ಪಟ್ಟಿಯೊಂದು ಮೂಡಿ, ಎಡತುದಿಯಲ್ಲಿ ಒಂದು ಚುಕ್ಕೆ ನೀಲಿ ಕಾಣಿಸಿತು. ಕೆಳಗೆ ಬರೆದಿತ್ತು: ಕೆಲಸ ಮುಗಿಯುವ ತನಕ ಆರಿಸಬೇಡಿ.

ಆಟವೂ ಹಳೆಯದು, ಪೆಟ್ಟಿಗೆಯೂ ಹಳೆಯದು. ನೀಲಿ ಸರಿಯುವುದನ್ನು ನೋಡುತ್ತ ಕೂತರೆ ಸರಿಯುತ್ತಿರಲಿಲ್ಲ. ನೋಡದೆ ಇದ್ದರೆ ಒಂಚೂರು ಸರಿಯುತ್ತಿತ್ತು. ಫುವಾತಿನೋ ಸ್ವಲ್ಪ ಹೊತ್ತು ಅದಕ್ಕೆ ಬೀಸಣಿಗೆ ಬೀಸಿ, ತನ್ನ ಮನೆಯನ್ನು ಗುಡಿಸಬೇಕೆಂದು ಎದ್ದು ಹೋದಳು. ಮಧ್ಯಾಹ್ನ ಇಳಿಯಿತು. ಪೆನಿ ಪಟ್ಟಿಯನ್ನು ನೋಡಿದ, ಮುಕ್ಕಾಲು ದಾಟಿತ್ತು. ಹೊರಗೆ ಸೂರ್ಯನನ್ನು ನೋಡಿದ. ಅವನೂ ಮುಕ್ಕಾಲು ದಾಟಿದ್ದ.

ಇಲ್ಲೇ ಅವನ ಬುದ್ಧಿ ಕೆಲಸ ಮಾಡಿತು. ಹೊತ್ತಿಗೆ ಸರಿಯಾಗಿ ಶಂಖ ಊದಿದರೆ ಪಟ್ಟಿ ತುಂಬುವ ಹೊತ್ತಿಗೆ ನಾನು ಪ್ರಾರ್ಥನೆಯಲ್ಲಿರುತ್ತೇನೆ, ತುಂಬಿದ್ದನ್ನು ನೋಡುವವರಿಲ್ಲ, ಏನಾದರೂ ಕೇಳಿದರೆ ಒತ್ತುವವರಿಲ್ಲ. ಈಗಲೇ ಊದಿಬಿಟ್ಟರೆ? ಪ್ರಾರ್ಥನೆ ಬೇಗ ಮುಗಿಯುತ್ತದೆ, ಬೇಗ ಬಂದು ಕೂರಬಹುದು. ದೇವರಿಗೆ ಬೇಗ ಪ್ರಾರ್ಥಿಸಿದರೆ ಬೇಸರವೇ? ಇಲ್ಲ.

ಸೂರ್ಯ ಇನ್ನೂ ದಿಬ್ಬದಿಂದ ಒಂದು ಕೀರ್ತನೆ ಹಾಡುವಷ್ಟು ಎತ್ತರದಲ್ಲಿದ್ದ. ಪೆನಿ ಜೀಗುಜ್ಜೆ ಮರದ ಕೆಳಗೆ ನಿಂತು ಶಂಖ ಊದಿದ.

ಊರು ಬೆಚ್ಚಿತು. ಚೆಂಡು ಆಡುತ್ತಿದ್ದವರು ಚೆಂಡನ್ನು ಗಾಳಿಯಲ್ಲೇ ಬಿಟ್ಟು ಓಡಿದರು. ಸ್ನಾನಕ್ಕಿಳಿದಿದ್ದ ಒಬ್ಬ ಯಜಮಾನ ಸೋಪಿನ ನೊರೆಯ ಸಮೇತ ಪಕ್ಕದ ಮನೆ ಹೊಕ್ಕು ಆಮೆನ್ ಅಂದ. ಪಾದ್ರಿಯವರು ಗೋಡೆಯ ಗಡಿಯಾರ ನೋಡಿದರು. ಅದು ಹಿಂದೆ ಬಿದ್ದಿದೆ ಎಂದುಕೊಂಡರು. ಶಂಖವಂತೂ ಎಂದೂ ತಪ್ಪಿದ್ದಲ್ಲ. ಪರದೆ ‘ಆರಿಸಬೇಡಿ’ ಎನ್ನುತ್ತಿತ್ತು. ಶಂಖ ‘ಆರಿಸಿ’ ಎನ್ನುತ್ತಿತ್ತು. ಸಾ ಹೊತ್ತಿನಲ್ಲಿ ಪಾದ್ರಿಯ ಮನೆಯಿಂದಲೇ ಟಿವಿಯ ಬೆಳಕು ದಾರಿಗೆ ಬಿದ್ದರೆ ಊರಿಗೆ ಯಾವ ಮುಖ ತೋರಿಸುವುದು? ಅವರು ಒಂದು ಕ್ಷಣ ಕಣ್ಣು ಮುಚ್ಚಿ, ಟಿವಿಗೂ ಪೆಟ್ಟಿಗೆಗೂ ಇದ್ದ ಒಂದೇ ಪ್ಲಗ್ಗು ಕಿತ್ತರು.

ಪ್ರಾರ್ಥನೆ ಮುಗಿದು ಪೆನಿ ಓಡಿ ಬಂದಾಗ ಪರದೆ ಕಪ್ಪಗಿತ್ತು. ಪ್ಲಗ್ಗು ಮತ್ತೆ ಚುಚ್ಚುತ್ತಿದ್ದಂತೆ ಗೋಡೆಯ ಮೇಲಿನ ಕರೆಂಟು ಮೀಟರು ಕೀ ಕೀ ಎಂದು ಕೂಗಿ ಸತ್ತಿತು. ಮುಂಗಡ ಕಟ್ಟಿದ್ದ ದುಡ್ಡು ಮುಗಿದಿತ್ತು. ಮತ್ತೆ ಕಟ್ಟಬೇಕಾದ ಅಂಗಡಿ ಬಾಗಿಲು ಹಾಕಿತ್ತು. ಮರುದಿನ ಭಾನುವಾರ, ಅಂಗಡಿ ತೆರೆಯುವುದಿಲ್ಲ. ಪೆನ್‌ಡ್ರೈವನ್ನು ಫುವಾತಿನೋಳ ಮನೆಗೆ ಒಯ್ದು ಅವಳ ಪೆಟ್ಟಿಗೆಗೆ ಚುಚ್ಚಿದರು. ಪರದೆಯ ಮೇಲೆ ಒಂದೇ ಸಾಲು: ಇದು ಹಾಳಾಗಿದೆ, ತೆರೆಯಲಾಗದು.

“ಮೂವ್ ಅಂದೆ. ಅಲ್ಲಿಂದ ಹೊರಟ,” ಎಂದಳು ಫುವಾತಿನೋ. “ಇಲ್ಲಿಗೆ ಬರ್ಲಿಲ್ಲ.”

“ಅಯ್ಯನವರು... ಪ್ಲಗ್ಗು... ಸಾ ಹೊತ್ತಾಗಿತ್ತಲ್ಲ,” ಎಂದು ಪೆನಿ ತೊದಲಿದ. ಅದು ಸುಳ್ಳಲ್ಲ. ಆದರೆ ನಾಲಿಗೆಯ ಮೇಲೆ ಅದು ಸುಳ್ಳಿನಷ್ಟೇ ಕಹಿಯಾಗಿತ್ತು.

“ಈಗ ಪಟ್ಟೀಲಿ ಮೊದ್ಲು ಯಾರ ಹೆಸ್ರು?”

ಪೆನಿ ನೆಲ ನೋಡಿದ. ಫುವಾತಿನೋ ತಲೆಯಾಡಿಸಿದಳು. ಬಿಳಿ ಉಡುಪನ್ನು ಕಳಚಿ ಮಡಚಿಟ್ಟಳು.

ಪ್ರತಿ ಭಾನುವಾರ ಆರಾಧನೆಗೆ ಮೊದಲೇ ಪಾದ್ರಿಯ ಮನೆಗೆ ಫುವಾತಿನೋಳ ಮನೆಯಿಂದ ಊಟದ ತಟ್ಟೆ ಹೋಗುತ್ತಿತ್ತು: ಕೆಸುವಿನ ಗೆಡ್ಡೆ, ಕೆಸುವಿನೆಲೆಯಲ್ಲಿ ಕಟ್ಟಿ ಬೇಯಿಸಿದ ತೆಂಗಿನಹಾಲು, ಮೇಲೆ ಒಂದು ಇಡೀ ಮೀನು. ಆ ಭಾನುವಾರದ ತಟ್ಟೆಯಲ್ಲಿ ಗೆಡ್ಡೆ ಇತ್ತು. ಎಲೆ ಇತ್ತು. ನಡುವೆ, ಮೀನು ಇರಬೇಕಾದ ಕಡೆ, ಮೀನಿನ ಉದ್ದಕ್ಕೆ ಸರಿಯಾಗಿ ಖಾಲಿ ಜಾಗವಿತ್ತು.

ತಟ್ಟೆ ಊರಿನ ಉದ್ದಕ್ಕೂ ಹಾದು ಹೋಯಿತು. ಎಲ್ಲರೂ ಓದಿಕೊಂಡರು.

“ಸಿಗಡಿ ತೂಕಕ್ಕೋಸ್ಕರ ಅಯ್ಯನವರು ಇಷ್ಟಕ್ಕೆ ಇಳೀಬಾರ್ದಿತ್ತು,” ಎಂದರು ಬಾವಿಕಟ್ಟೆಯ ಬಳಿ. ಪಾದ್ರಿಯವರು ಅಂದು ಮೊದಲೇ ಸಿದ್ಧಮಾಡಿಕೊಂಡಿದ್ದ ಪ್ರಸಂಗ ಯೋನನನ್ನು ಮೀನು ನುಂಗಿದ್ದು. ‘ಮೀನು’ ಎಂಬ ಮಾತು ಬಂದಾಗಲೆಲ್ಲ ಹಿಂದಿನ ಬೆಂಚುಗಳಲ್ಲಿ ಕೆಮ್ಮು ಎದ್ದಿತು. ಹದಿನಾಲ್ಕು ವರ್ಷ ಅವರ ಮದುವೆ ಮಾಡಿಸಿದ, ಅವರ ಸತ್ತವರನ್ನು ಹೂಳಿದ ಮನುಷ್ಯ ಬುಧವಾರದ ಹಡಗಿಗೆ ಮೀನುಗಳ್ಳ ಅನ್ನಿಸಿಕೊಂಡು ಹತ್ತಬೇಕಾಗಿ ಬಂತು. ಅವರು ಒಂದು ಮಾತೂ ಆಡಲಿಲ್ಲ. ಪ್ಲಗ್ಗು ಕಿತ್ತದ್ದು ತಾವೇ ಅಲ್ಲವೇ. ಕೀಳುವ ಮೊದಲು ಆ ಒಂದು ಕ್ಷಣ ಮನಸ್ಸಿನ ಮೂಲೆಯಲ್ಲಿ ಸಿಗಡಿಯಷ್ಟು ಸಂತೋಷ ಆಗಿರಲಿಲ್ಲವೇ ಎಂದು ತಮ್ಮನ್ನೇ ಕೇಳಿಕೊಳ್ಳುತ್ತ ಮಂಡಿಯೂರಿದ್ದರು.

ಪೆನಿಗೆ ಊಟ ಇಳಿಯಲಿಲ್ಲ. ಮಧ್ಯಾಹ್ನ ಹೆಂಡತಿಗೆ ಹೇಳಿದ.

“ಶಂಖ ಮುಂಚೆ ಊದಿದ್ರಾ?” ಲೋಸಾ ಎದೆಗೆ ಕೈ ಒತ್ತಿಕೊಂಡಳು. “ನೀವಾ?”

“ಒಂದು ಕೀರ್ತನೆಯಷ್ಟು.”

“ಉದ್ದದ್ದಾ, ಗಿಡ್ಡದ್ದಾ?”

“ಉದ್ದದ್ದು. ಎಲ್ಲಾ ಚರಣ ಸೇರಿ.”

“ದೇವ್ರೇ! ಚಾಪೆ ಹೊದ್ದೇ ಕೂರ್ಬೇಕು ಹಾಗಾದ್ರೆ. ನಮ್ಮ ಮನೇಲಿ ಚಾಪೆ ಎಲ್ಲಿದೆ? ಇದ್ದಿದ್ದು ನಿಮ್ಮ ಮಾವನ ಮಣ್ಣಿಗೆ ಹೋಯ್ತು. ಊರಲ್ಲಿ ಇಫೋಂಗಾಕ್ಕೆ ತಕ್ಕ ಚಾಪೆ ಇರೋದು ಒಬ್ರ ಹತ್ರಾನೇ.”

ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅದು ಫುವಾತಿನೋಳ ಚಾಪೆ.

ಲೋಸಾ ಧೈರ್ಯದ ಹೆಣ್ಣು. ಹೋಗಿ ಕೇಳಿದಳು. “ಅತ್ತೆ, ನಾಳೆ ಒಬ್ರಿಗೆ ಮರ್ಯಾದೆ ಮಾಡೋದಿದೆ. ನಿಮ್ಮ ಚಾಪೆ ಕೊಡ್ತೀರಾ?”

“ಪಾದ್ರಿಗಾದ್ರೆ ಕೊಡಲ್ಲ.”

“ಪಾದ್ರಿಗಲ್ಲ ಅತ್ತೆ. ಇನ್ನೂ ದೊಡ್ಡವ್ರಿಗೆ.”

“ಪಾದ್ರಿಗಿಂತ ದೊಡ್ಡವ್ರು?” ಫುವಾತಿನೋಗೆ ಕುತೂಹಲ ಹುಟ್ಟಿತು. “ಒಳ್ಳೇವ್ರಾ?”

“ಮನಸ್ಸು ಒಳ್ಳೇದು. ಬಾಯಿ ಸ್ವಲ್ಪ ಜೋರು.”

“ಹೋಗ್ಲಿ, ಅಂಥವ್ರಿಗೆ ಮರ್ಯಾದೆ ಸಿಗೋದು ಅಪರೂಪ. ತಗೊಂಡ್ಹೋಗು. ನಮ್ಮಜ್ಜಿ ಹೆಣೆದಿದ್ದು. ನೀರು ತಾಕಿಸ್ಬೇಡ, ತಾಕಿದ್ರೆ ಗರಿ ಬಣ್ಣ ಬಿಡುತ್ತೆ.”

ಹಾಗೆ ಬಂದ ಚಾಪೆಯ ಕೆಳಗೆ ಗಂಡಹೆಂಡಿರು ಈಗ ಕೂತಿದ್ದರು. ಪೆನಿಗೆ ಕಾಣುತ್ತಿದ್ದದ್ದು ತನ್ನ ಮಂಡಿ, ಸ್ವಲ್ಪ ಮಣ್ಣು, ಲೋಸಾಳ ಕಾಲ್ಬೆರಳು. ಮರಿಹಂದಿಯೊಂದು ಬಂದು ಮೂಸಿ, ಇದು ತಿನ್ನುವ ವಸ್ತುವಲ್ಲ ಎಂದು ತಿಳಿದು ಹೋಯಿತು. ನಂತರ ಎರಡು ಮುದಿ ಪಾದಗಳು ಬಂದು ನಿಂತವು.

“ಯಾರೋ ಅದು?”

“ನಾನು ದೊಡ್ಡಮ್ಮ. ಪೆನಿ.”

“ನಾನೂ ಇದೀನಿ ಅತ್ತೆ.”

“ಯಾರನ್ನ ಕೊಂದ್ರಿ?”

“ಮೀಸೆದೊರೇನ,” ಎಂದ ಪೆನಿ. ಹೇಳಿದ್ದೇ ತಡ, ಉಳಿದದ್ದೆಲ್ಲ ತಡೆಯಿಲ್ಲದೆ ಹೊರಗೆ ಬಂತು. “ಅಯ್ಯನವರದ್ದು ತಪ್ಪಿಲ್ಲ ದೊಡ್ಡಮ್ಮ. ಅವತ್ತು ಹೊತ್ತಾಗಿರ್ಲಿಲ್ಲ. ಸೂರ್ಯ ಮೇಲಿದ್ದ. ಬೇಗ ವಾಪಸ್ ಬರೋಣ ಅಂತ ನಾನೇ ಶಂಖ ಮುಂಚೆ ಊದಿದೆ. ಶಂಖ ಊದಿದ್ರೆ ಟಿವಿ ಆರಿಸ್ತಾರೆ ಅನ್ನೋದು ನನ್ನ ತಲೆಗೇ ಹೊಳೀಲಿಲ್ಲ.”

“ಶಂಖ ಊದೋದೇ ಆರಿಸ್ಲಿ ಅಂತ ಅಲ್ವೇನೋ?”

“ಹೌದು.”

“ಅದು ನಿನ್ನ ತಲೆಗೆ ಹೊಳೀಲಿಲ್ಲ.”

“ಇಲ್ಲ ದೊಡ್ಡಮ್ಮ.”

“ನ್ಯೂಜಿಲೆಂಡ್‌ಗೆ ಹೋಗಿ ಬಂದವನು.”

“ಸೇಬು ಕೀಳೋಕೆ ದೊಡ್ಡಮ್ಮ. ಬರೀ ಸೇಬು.”

ಪಾದಗಳು ಚಾಪೆಯ ಸುತ್ತ ಒಂದು ಸುತ್ತು ಬಂದವು. ಹಿಂದಿನ ಮೂಲೆಯ ಹತ್ತಿರ ನಿಂತವು. ಅಲ್ಲಿ ಒಂದು ಕಡೆ ಬೇರೆ ಎಳೆಯಲ್ಲಿ ನೇಯ್ದು ಸರಿಮಾಡಿದ ಗುರುತಿತ್ತು.

“ಈ ತೇಪೆ ನಮ್ಮಮ್ಮ ಹಾಕಿದ್ದು,” ಎಂದಳು ಫುವಾತಿನೋ ನಿಧಾನವಾಗಿ. “ಇದು ನನ್ನ ಚಾಪೆ.”

“ನಮ್ಮ ಹತ್ರ ಇರ್ಲಿಲ್ಲ ಅತ್ತೆ.”

“ನನ್ನ ಮೀನು ಕೊಂದು, ನನ್ನ ಚಾಪೆ ಹೊದ್ದು, ನನ್ನ ಹತ್ರಾನೇ ಕ್ಷಮೆ ಕೇಳ್ತೀರಾ! ಇನ್ನು ಕ್ಷಮಿಸಿದ್ರೆ ಊಟಾನೂ ನಾನೇ ಹಾಕ್ಬೇಕು!”

ಅದೂ ಪದ್ಧತಿಯೇ. ಅದನ್ನು ನೆನಪಿಸುವ ಧೈರ್ಯ ಇಬ್ಬರಿಗೂ ಆಗಲಿಲ್ಲ.

“ಎತ್ತಲ್ಲ,” ಎಂದಳು ಫುವಾತಿನೋ. “ಸಾಯಂಕಾಲದ ತನಕ ಕೂತಿರಿ. ನಾಳೇನೂ ಕೂತಿರಿ. ಆ ಒಂದು ಮೀನು ಬಿಟ್ರೆ ಜನ್ಮದಲ್ಲಿ ನಾನು ಏನು ಹಿಡಿದಿದ್ದೆ? ದೋಣಿ ಹತ್ತಿಸ್ದೇ ಇರೋರೆಲ್ಲ ಸತ್ತ್ ಹೋದ್ರು. ನೋಡ್ರೋ ಅಂತ ತೋರ್ಸೋಣ ಅಂದ್ರೆ ಅವ್ರೂ ಇಲ್ಲ. ಈಗ ಮೀನೂ ಇಲ್ಲ.”

ಅವಳ ದನಿ ಎಲ್ಲೋ ಜಾರಿತು. ಪೆನಿಗೆ ಚಾಪೆಯ ಕೆಳಗೆ ಕಣ್ಣು ಮಂಜಾಯಿತು.

ಆಗ ಗುಡ್ಡದ ಮೇಲಿದ್ದ ಮೋಡ ಯೋಚನೆ ಮುಗಿಸಿತು.

ಮೊದಲ ಹನಿ ಪೆನಿಯ ಮುಂದೆ ಮಣ್ಣಿನ ಮೇಲೆ ಬಿತ್ತು. ಎರಡನೆಯದು ಚಾಪೆಯ ಮೇಲೆ ಟಪ್ ಎಂದಿತು. ಫುವಾತಿನೋ ಮುಗಿಲು ನೋಡಿದಳು. ಚಾಪೆ ನೋಡಿದಳು. ಅಜ್ಜಿ ಹೆಣೆದದ್ದು, ಅಮ್ಮ ತೇಪೆ ಹಾಕಿದ್ದು. ಎತ್ತದಿದ್ದರೆ ನೆನೆಯುತ್ತದೆ. ಎತ್ತಿದರೆ ಕ್ಷಮಿಸಿದ ಹಾಗೆ. ಇನ್ನೊಂದು ಹನಿ ಬಿತ್ತು. ಕೆಂಪು ಗರಿಯ ಮೇಲೆ.

“ಅಯ್ಯೋ ನನ್ನ ಕರ್ಮವೇ!” ಎಂದು ಕೂಗಿ ಎರಡೂ ಕೈಯಲ್ಲಿ ಚಾಪೆ ಬಾಚಿ ಎತ್ತಿ, ಎದೆಗೆ ಅವಚಿಕೊಂಡು ಒಳಗೆ ಓಡಿದಳು.

ಪೆನಿ ಮತ್ತು ಲೋಸಾ ಮಳೆಯಲ್ಲಿ ಕಣ್ಣು ಪಿಳುಕಿಸುತ್ತ ಕೂತರು. ಕ್ಷಮೆ ಸಿಕ್ಕಿತೋ ಇಲ್ಲವೋ ತಿಳಿಯಲಿಲ್ಲ. ದೇವರ ದಯೆ ಬರುವ ದಾರಿಯನ್ನು ಮನುಷ್ಯ ಗೊತ್ತುಮಾಡಲಾರ. ಕೆಲವು ಸಲ ಅದು ನೇರ ತಲೆಯ ಮೇಲೇ ಸುರಿಯುತ್ತದೆ. ಒಳಗಿನಿಂದ ಫುವಾತಿನೋಳ ದನಿ ಬಂತು. “ಇನ್ನೂ ಯಾಕೆ ಅಲ್ಲಿ ಕೂತಿದೀರಾ? ಎತ್ತಿದ್ದಾಯ್ತಲ್ಲ! ಬನ್ನಿ ಒಳಗೆ, ಕೋಕೋ ಕಾಯ್ಸಿದೀನಿ.” ಒಂದು ಗಳಿಗೆ ಬಿಟ್ಟು ಮತ್ತೆ: “ಕಾಲು ಒರ್ಸ್ಕೊಂಡು ಬನ್ನಿ.”

ಅವರು ಒಳಗೆ ಹೋಗಿ ಕೂತು, ಬಿಸಿ ಕೋಕೋದ ಮೊದಲ ಗುಟುಕು ಇಳಿಸುವಷ್ಟರಲ್ಲಿ ದಾರಿಯಲ್ಲಿ ಯಾರೋ ಓಡಿ ಬರುವುದು ಕಾಣಿಸಿತು. ಪಾದ್ರಿ ಎಲಿಸಾಲಾ. ಅವರು ಓಡಿದ್ದನ್ನು ಊರು ಎಂದೂ ಕಂಡಿರಲಿಲ್ಲ. ತಲೆಗೆ ಬಾಳೆಲೆ, ಕಂಕುಳಲ್ಲಿ ಒಣಬಟ್ಟೆಯಲ್ಲಿ ಸುತ್ತಿದ ಆಟದ ಪೆಟ್ಟಿಗೆ.

“ಇದಾನೆ!” ಎಂದು ಕಂಬ ಹಿಡಿದು ಏದುಸಿರು ಬಿಟ್ಟರು. “ಫುವಾತಿನೋ ಅಮ್ಮ, ಇದಾನೆ!”

“ಯಾರು?”

“ಮೀಸೆದೊರೆ! ಬೆಳಿಗ್ಗೆ ಅಂಗಡಿ ತೆಗೆದ ಕೂಡ್ಲೇ ಕರೆಂಟಿಗೆ ದುಡ್ಡು ಕಟ್ಟಿ ಬಂದು ಹಾಕಿದೆ. ಹೊರಟೇ ಇಲ್ಲ ಅವನು! ಮೂವ್ ಅಂದ್ರೆ, ಮೊದ್ಲು ಆ ಕಡೆ ಪೂರ್ತಿ ಬರ್ಕೊಳ್ಳುತ್ತಂತೆ. ಪೂರ್ತಿ ಆದ್ಮೇಲೇ ಈ ಕಡೇದು ಅಳ್ಸೋದು. ಪೂರ್ತಿ ಆಗೋಕೆ ಮುಂಚೆ ನಾನು ಪ್ಲಗ್ಗು ಕಿತ್ತೆನಲ್ಲ! ಪರದೆ ಮೇಲೇ ಬಂತು. ಶನಿವಾರದಿಂದ ಸೋಮವಾರದ ತನಕ, ಮೂರು ದಿನ, ಒಳಗೇ ಇದ್ದ. ಯೋನನ ಹಾಗೆ!”

“ಯೋನ ಮೀನಿನ ಹೊಟ್ಟೇಲಿದ್ದ ಅಯ್ಯನವರೇ,” ಎಂದಳು ಲೋಸಾ. “ಇಲ್ಲಿ ಮೀನೇ ಹೊಟ್ಟೇಲಿತ್ತು.”

“ಕರ್ತನಿಗೆ ಎರಡೂ ಒಂದೇ ತಾಯಿ.”

ಫುವಾತಿನೋ ಎದ್ದಳು. ಒದ್ದೆಯಾದ ಪಾದ್ರಿಯ ಮುಂದೆ ನಿಂತು ಒಂದು ಸಲ ಅವರ ಮುಖ ನೋಡಿದಳು, ಇನ್ನೊಂದು ಸಲ ಪೆಟ್ಟಿಗೆ ನೋಡಿದಳು. “ಪಟ್ಟೀಲಿ ಮೊದ್ಲು ಯಾರ ಹೆಸ್ರಿದೆ?”

“ನಿಮ್ದೇ ಅಮ್ಮ. ಕೆಳಗೆ ನಂದು. ಎಂದಿನ ಹಾಗೆ.”

ಮುದುಕಿ ಮೂಗು ಒರೆಸಿಕೊಂಡು ಅಡುಗೆಮನೆಯ ಕಡೆ ತಿರುಗಿದಳು. ಸ್ವಲ್ಪ ಹೊತ್ತಿಗೆ ಒಂದು ತಟ್ಟೆ ಬಂತು. ತಟ್ಟೆಯಲ್ಲಿ ಗೆಡ್ಡೆ ಇರಲಿಲ್ಲ, ಎಲೆ ಇರಲಿಲ್ಲ. ಎರಡು ಇಡೀ ಮೀನು ಇದ್ದವು: ಅಂದಿನದೊಂದು, ಭಾನುವಾರದ್ದೊಂದು. ಪಾದ್ರಿಯವರ ಮುಂದಿಟ್ಟಳು. ಅವರು ತಲೆ ಬಾಗಿಸಿ ಸ್ತೋತ್ರ ಹೇಳಿ ಊಟಕ್ಕೆ ಕೈ ಹಾಕಿದರು. ಆ ಸ್ತೋತ್ರ ಮಾತ್ರ ಸ್ವಲ್ಪ ಉದ್ದವಾಯಿತು.

ಮಳೆ ನಿಂತು ಬಿಸಿಲು ಬಂದ ಮೇಲೆ ಪೆಟ್ಟಿಗೆಯನ್ನು ಮತ್ತೆ ಸಿಕ್ಕಿಸಿದರು. ಪೆನಿ ಪೆನ್‌ಡ್ರೈವ್ ಚುಚ್ಚಿದ. ಹೋಗಲಿಲ್ಲ. ತಿರುಗಿಸಿದ. ಹೋಗಲಿಲ್ಲ. ಮತ್ತೆ ತಿರುಗಿಸಿದ. ಹೋಯಿತು. ಈ ಸಲ ಯಾರೂ ಹೊಗಳಲಿಲ್ಲ.

ಕಾಪಿ. ಮೂವ್. ಪೆನಿಯ ಬೆರಳು ಗಾಳಿಯಲ್ಲೇ ನಿಂತಿತು.

“ಕಾಪಿ ಮಾಡೋ,” ಎಂದಳು ಫುವಾತಿನೋ.

“ಎರಡು ಮೀನಾಗುತ್ತೆ ದೊಡ್ಡಮ್ಮ.”

“ಆಗ್ಲಿ. ಅಯ್ಯನವರು ಹೊಸ ಊರಿಗೆ ಹೋಗ್ತಾರೆ. ಅಲ್ಲಿ ಯಾರೂ ಗೊತ್ತಿಲ್ಲ, ಪಾಪ. ಜೊತೆಗೊಬ್ಬ ಪರಿಚಯದವನು ಇರ್ಲಿ.” ಆಮೇಲೆ ಪಾದ್ರಿಯ ಕಡೆ ತಿರುಗಿ, “ಆ ಊರಿನೋರಿಗೆ ತೋರ್ಸಿ. ಹೆಸ್ರು ಮಾತ್ರ ನಂದೇ ಇರ್ಲಿ. ಹೆಣ್ಣು ಹಿಡಿದಿದ್ದು ಅಂತ ಹೇಳಿ.”

“ಪ್ರಸಂಗದಲ್ಲೇ ಹೇಳ್ತೀನಿ ಅಮ್ಮ.”

ನೀಲಿ ಪಟ್ಟಿ ಹೊರಟಿತು. ಪೆಟ್ಟಿಗೆಯಿಂದ ಪೆನ್‌ಡ್ರೈವಿಗೆ, ಪೆನ್‌ಡ್ರೈವಿನಿಂದ ಇನ್ನೊಂದು ಪೆಟ್ಟಿಗೆಗೆ, ಮಧ್ಯಾಹ್ನವೆಲ್ಲ ಮೀಸೆದೊರೆ ಪ್ರಯಾಣ ಮಾಡಿದ. ಸುದ್ದಿ ತಿಳಿದು ನೆರೆಹೊರೆಯವರು ಬಂದು ಕಂಬಕ್ಕೊರಗಿ ಕೂತರು. ಶನಿವಾರ ನೊರೆಯ ಸಮೇತ ಓಡಿದ್ದ ಯಜಮಾನನೂ ಬಂದ. ಶಂಖದ ವಿಷಯ ಅವನ ಕಿವಿಗೂ ಬಿದ್ದಿತ್ತು. “ನನ್ನ ಒಂದು ಕಿವೀಲಿ ಇನ್ನೂ ಸೋಪಿದೆ ಕಣೋ ಪೆನಿ,” ಎಂದಷ್ಟೇ ಹೇಳಿ ಕೂತ. ಸಂಜೆಯ ಹೊತ್ತಿಗೆ ಪಟ್ಟಿ ಮುಗಿಯಲು ಬೆರಳಗಲ ಬಾಕಿಯಿತ್ತು. ಪೆನಿ ಎದ್ದು, ಶಂಖ ತೆಗೆದುಕೊಂಡು ಹೊರಗೆ ನಡೆದ. ಅವನ ಹಿಂದೆ ಮನೆಯಲ್ಲಿದ್ದವರೆಲ್ಲ ಉಸಿರು ಬಿಗಿಹಿಡಿದರು.

ಜೀಗುಜ್ಜೆ ಮರದ ಎಲೆಗಳಿಂದ ಮಳೆಯ ನೀರು ಇನ್ನೂ ತೊಟ್ಟಿಕ್ಕುತ್ತಿತ್ತು. ಸಮುದ್ರ ಬಂಗಾರದ ಹಾಗಿತ್ತು. ಸೂರ್ಯನ ಅಂಚು ದಿಬ್ಬದ ಗೆರೆಗೆ ಬಂತು; ಮುಟ್ಟಿತು. ಚೆಂಡಾಡುವವರು ಚೆಂಡು ಕೈಯಲ್ಲಿ ಹಿಡಿದು ಅವನ ಕಡೆ ನೋಡಿದರು. ದೂರದಲ್ಲಿ ಪಾದ್ರಿಯ ಮನೆಯ ಕಿಟಕಿಯಲ್ಲಿ ಪಾದ್ರಿಯವರ ಹೆಂಡತಿ ಗಡಿಯಾರದ ಕಡೆ ಕತ್ತು ತಿರುಗಿಸಿದರು.

ಪೆನಿ ಶಂಖವನ್ನು ಎದೆಯ ಮೇಲೆ ಇಟ್ಟುಕೊಂಡು ನಿಂತ. ಶನಿವಾರ ಊರಿನಿಂದ ಕಿತ್ತುಕೊಂಡದ್ದು ಒಂದು ಕೀರ್ತನೆಯಷ್ಟು ಹೊತ್ತು. ಅದೇ ಕೀರ್ತನೆಯನ್ನು ತುಟಿ ಅಲುಗಿಸದೆ, ಒಂದು ಚರಣವನ್ನೂ ಬಿಡದೆ, ಮನಸ್ಸಿನಲ್ಲೇ ಹಾಡತೊಡಗಿದ. ಚೆಂಡಾಡುವವರು ಒಬ್ಬರನ್ನೊಬ್ಬರು ನೋಡಿದರು. ಒಬ್ಬ ಮೆಲ್ಲಗೆ ಚೆಂಡನ್ನು ಒದ್ದ. ಆಟ ಮತ್ತೆ ಶುರುವಾಯಿತು. ಸೋಪಿನ ಯಜಮಾನ ನಿಧಾನವಾಗಿ ಸ್ನಾನಕ್ಕೆ ಹೋದ. ಫುವಾತಿನೋಳ ಮನೆಯಿಂದ ಒಂದು ದೊಡ್ಡ ಕೂಗು ಎದ್ದು, ನಗುವಾಗಿ, ಆರಿತು. ಆಮೇಲೆ ಆ ಮನೆಯ ಟಿವಿಯ ಬೆಳಕು ತಾನಾಗಿಯೇ ಆರಿತು.

ಕೊನೆಯ ಚರಣ ಮುಗಿಯಿತು. ಆಮೆನ್ ಎಂದುಕೊಂಡು ಪೆನಿ ಶಂಖವನ್ನು ತುಟಿಗಿಟ್ಟ.